ಪರಂಪರೆ ಯಾವುದು: ಕುರ್ಚಿಯೋ, ಕಾವೇರಿಯೋ?

ನಾಯಕನೊಬ್ಬ ತೀರಿಕೊಂಡ ಮೇಲೆ ಅವನ ಪತ್ನಿಯ ಮುಂದೆ ನಮ್ಮ ರಾಜಕಾರಣ ಎರಡೇ ದಾರಿಗಳನ್ನು ಇಡುತ್ತದೆ. ಭಾವಚಿತ್ರಕ್ಕೆ ಹಾರ ಹಾಕುತ್ತ ಮನೆಯೊಳಗೇ ಉಳಿಯುವುದು ಒಂದು. ಅದೇ ಭಾವಚಿತ್ರವನ್ನು ಹಿಡಿದು ಮತ ಕೇಳಲು ಹೊರಡುವುದು ಇನ್ನೊಂದು. ಮೊದಲನೆಯದನ್ನು ಮಾಡಿದರೆ ಗೌರವಸ್ಥೆ, ಎರಡನೆಯದನ್ನು ಮಾಡಿದರೆ ಅಧಿಕಾರದಾಹಿ ಎಂಬ ತೀರ್ಮಾನವೂ ಜೊತೆಗೇ ಸಿದ್ಧವಿರುತ್ತದೆ. ಗಂಡ ಯಾವ ಕೆಲಸಕ್ಕಾಗಿ ನೆನಪಿನಲ್ಲಿ ಉಳಿಯಬೇಕೋ ಆ ಕೆಲಸವನ್ನೇ ಕೈಗೆತ್ತಿಕೊಳ್ಳುವ ಮೂರನೆಯ ದಾರಿಯೊಂದಿದೆ ಎಂಬುದನ್ನು ಯಾರೂ ಹೇಳುವುದಿಲ್ಲ. ಮಂಡ್ಯ ಜಿಲ್ಲೆಯಲ್ಲಿ 2018ರಿಂದ 2024ರವರೆಗೆ ನಡೆದ ವಿದ್ಯಮಾನಗಳನ್ನು ಈ ಮೂರನೆಯ ದಾರಿಯ ದೃಷ್ಟಿಯಿಂದ ಒಮ್ಮೆ ನೋಡಬೇಕಾಗಿದೆ.

ಬಯಲುಸೀಮೆಯ ರಾಜಕಾರಣ ಬೆಟ್ಟದ ಮೇಲಿನ ನಮಗೇಕೆ ಎಂದು ಕೆಲವರು ಕೇಳಬಹುದು. ಉತ್ತರ ನೀರಿನಲ್ಲಿಯೇ ಇದೆ. ಮೂಡಿಗೆರೆ ತಾಲ್ಲೂಕಿನ ಬಲ್ಲಾಳರಾಯನದುರ್ಗದ ತಪ್ಪಲಿನಲ್ಲಿ ಹುಟ್ಟುವ ಹೇಮಾವತಿ, ತಲಕಾವೇರಿಯಿಂದ ಹೊರಡುವ ಕಾವೇರಿ, ಕೊಡಗಿನ ಕಾಡಿನಿಂದ ಇಳಿಯುವ ಲಕ್ಷ್ಮಣತೀರ್ಥ, ಈ ಮೂರೂ ಕನ್ನಂಬಾಡಿಯ ಹಿನ್ನೀರಿನಲ್ಲಿ ಒಂದಾಗುತ್ತವೆ. ಕೆ.ಆರ್. ಪೇಟೆ ತಾಲ್ಲೂಕಿನ ಅಂಬಿಗರಹಳ್ಳಿಯ ಸಂಗಮದಲ್ಲಿ ಮೀಯುವವರು ಮೀಯುವುದು ಮಲೆನಾಡಿನ ಮಳೆಯಲ್ಲಿ. ನಾವು ಶೋಲಾ ಕಾಡುಗಳನ್ನು ಉಳಿಸಿ ಎಂದು ಕೂಗುವುದು ಎಷ್ಟು ನಿಜವೋ, ಆ ಕಾಡು ಕೊಟ್ಟ ನೀರನ್ನು ಹಿಡಿದಿಡುವ ಕಟ್ಟೆಯ ಸುತ್ತ ಸಿಡಿಮದ್ದು ಸಿಡಿಯಬಾರದು ಎಂದು ಹೇಳುವುದೂ ಅಷ್ಟೇ ನಿಜ. ಜಲಾನಯನ ಪ್ರದೇಶಕ್ಕೆ ಜಿಲ್ಲೆಯ ಗಡಿ ಗೊತ್ತಿಲ್ಲ.

ಹಣೆಗೆ ಹಚ್ಚಿದ ಮಣ್ಣು

2018ರ ನವೆಂಬರ್ 24ರಂದು ಅಂಬರೀಶ್ ನಿಧನರಾದರು. ಮದ್ದೂರು ತಾಲ್ಲೂಕಿನ ದೊಡ್ಡರಸಿನಕೆರೆಯ ಆ ಮನುಷ್ಯ ಚಿತ್ರನಟರಾಗಿ ನಾಡಿಗೆಲ್ಲ ಪರಿಚಿತರಾಗಿದ್ದರು; ಮಂಡ್ಯದಿಂದ 1998, 1999 ಮತ್ತು 2004ರಲ್ಲಿ ಲೋಕಸಭೆಗೆ ಆಯ್ಕೆಯಾಗಿದ್ದರು; 2013ರಲ್ಲಿ ಶಾಸಕರಾಗಿ ವಸತಿ ಸಚಿವರೂ ಆಗಿದ್ದರು. ಪಾರ್ಥಿವ ಶರೀರವನ್ನು ಮಂಡ್ಯಕ್ಕೆ ತಂದು ಮರಳಿ ಬೆಂಗಳೂರಿಗೆ ಒಯ್ಯುವಾಗ ಪತ್ನಿ ಸುಮಲತಾ ಅವರು ಮಂಡ್ಯದ ಮಣ್ಣನ್ನು ಗಂಡನ ಹಣೆಗೆ ಹಚ್ಚಿದರು. ಆ ದೃಶ್ಯವನ್ನು ನಾಡೇ ಕಂಡಿತು. ಅದರಲ್ಲಿ ಕೃತಕತೆಯನ್ನು ಹುಡುಕುವುದು ಸಣ್ಣತನ. ಆದರೆ ಮಣ್ಣನ್ನು ಓದುವುದನ್ನೇ ವೃತ್ತಿಯಾಗಿಸಿಕೊಂಡ ನನ್ನಂಥವನು ಒಂದು ಮಾತನ್ನು ಸೇರಿಸಲೇಬೇಕು. ಮಣ್ಣು ಎಂಬುದು ಬಂಡೆಯ ಮಗು. ಬಂಡೆ ಸವೆದು, ಸಾವಿರಾರು ವರ್ಷ ನೀರು ಬೇರುಗಳ ಸಹವಾಸದಲ್ಲಿ ಮಾಗಿ ಮಣ್ಣಾಗುತ್ತದೆ. ಮಣ್ಣನ್ನು ಹಣೆಗಿಟ್ಟುಕೊಂಡವರು ಅದರ ತಾಯಿಬಂಡೆಯ ಕಡೆಗೂ ನೋಡಬೇಕಾಗುತ್ತದೆ.

ಮುಂದಿನ ವರ್ಷ ಲೋಕಸಭಾ ಚುನಾವಣೆ ಬಂದಿತು. ಸುಮಲತಾ ಅವರು ಪಕ್ಷೇತರರಾಗಿ ನಿಲ್ಲಲು ಮುಂದಾದಾಗ ಗಂಡ ಸತ್ತು ತಿಂಗಳುಗಳೂ ಕಳೆದಿಲ್ಲ, ಇವರಿಗೇಕೆ ರಾಜಕಾರಣ ಎಂದು ಅಧಿಕಾರದಲ್ಲಿದ್ದ ಸಚಿವರೇ ಕೇಳಿದರು. ಅವರ ಹುಟ್ಟೂರನ್ನು, ಜಾತಿಯನ್ನು ಕೆದಕಿದವರೂ ಇದ್ದರು. ಇದೇ ಮಂಡ್ಯ ಜಿಲ್ಲೆಯ ಮದ್ದೂರಿನಲ್ಲಿ ಶಾಸಕ ಎಂ.ಎಸ್. ಸಿದ್ದರಾಜು ಅವರ ನಿಧನದಿಂದ 2008ರಲ್ಲಿ ಉಪಚುನಾವಣೆ ನಡೆದಾಗ ಅವರ ಪತ್ನಿ ಕಲ್ಪನಾ ಅವರನ್ನು ನಿಲ್ಲಿಸಿ ಗೆಲ್ಲಿಸಿದ್ದು ಅದೇ ಪಕ್ಷ. ಪಕ್ಷಕ್ಕೆ ಬೇಕಾದಾಗ ವೈಧವ್ಯ ಅನುಕಂಪದ ಬಂಡವಾಳ. ಎದುರಾಳಿಯಾಗಿ ನಿಂತಾಗ ಅದೇ ವೈಧವ್ಯ ಅನರ್ಹತೆ! ಈ ಇಬ್ಬಗೆಯ ನೀತಿಗೆ ಮಂಡ್ಯದ ಮತದಾರರು ತಕ್ಕ ಉತ್ತರ ಕೊಟ್ಟರು. 2019ರ ಮೇ 23ರಂದು ಎಣಿಕೆ ಮುಗಿದಾಗ ಅಂದಿನ ಮುಖ್ಯಮಂತ್ರಿ ಕುಮಾರಸ್ವಾಮಿಯವರ ಪುತ್ರನ ಎದುರು ಸುಮಲತಾ 1,25,876 ಮತಗಳ ಅಂತರದಿಂದ ಗೆದ್ದಿದ್ದರು. ಭಾರತೀಯ ಜನತಾ ಪಕ್ಷ ಅಭ್ಯರ್ಥಿಯನ್ನು ಹಾಕದೆ ಬೆಂಬಲಿಸಿತ್ತು. ರೈತ ಸಂಘವೂ ಜೊತೆಗಿತ್ತು. ಆ ಚುನಾವಣೆಯ ಮಂತ್ರ 'ಸ್ವಾಭಿಮಾನ'.

ಸ್ವಾಭಿಮಾನ ಒಳ್ಳೆಯ ಪದ. ಆದರೆ ಅದು ಕ್ರಿಯಾಪದವಲ್ಲ. ಗೆದ್ದ ಮೇಲೆ ಏನು ಮಾಡಬೇಕೆಂದು ಅದು ಹೇಳುವುದಿಲ್ಲ.

ಉಳಿಸಿಕೊಳ್ಳಬೇಕಾದದ್ದು ಏನು?

ಅಂಬರೀಶ್ ಅವರ ಪರಂಪರೆ ಎಂದರೇನು ಎಂದು ಅಭಿಮಾನಿಗಳನ್ನು ಕೇಳಿದರೆ ದಾನಗುಣ, ನೇರಮಾತು, ಸ್ನೇಹ ಎನ್ನುತ್ತಾರೆ. ಇವು ವ್ಯಕ್ತಿಯ ಗುಣಗಳು, ವ್ಯಕ್ತಿಯೊಡನೆ ಹೊರಟುಹೋಗುತ್ತವೆ. ಇನ್ನೊಬ್ಬರಿಗೆ ದಾಟಿಸಬಹುದಾದ್ದು ಸಾರ್ವಜನಿಕ ಕೃತ್ಯ ಮಾತ್ರ. ಹಾಗೆ ನೋಡಿದರೆ ಅವರ ರಾಜಕೀಯ ಜೀವನದಲ್ಲಿ ಎದ್ದು ಕಾಣುವ ಕೃತ್ಯ ಒಂದೇ. 2007ರ ಫೆಬ್ರವರಿ 5ರಂದು ಕಾವೇರಿ ನ್ಯಾಯಮಂಡಳಿ ತನ್ನ ಅಂತಿಮ ಐತೀರ್ಪು ನೀಡಿ ತಮಿಳುನಾಡಿಗೆ 419, ಕರ್ನಾಟಕಕ್ಕೆ 270, ಕೇರಳಕ್ಕೆ 30, ಪುದುಚೇರಿಗೆ 7 ಟಿಎಂಸಿ ನೀರನ್ನು ಹಂಚಿತು. ಆಗ ಕೇಂದ್ರದಲ್ಲಿ ವಾರ್ತಾ ಮತ್ತು ಪ್ರಸಾರ ಖಾತೆಯ ರಾಜ್ಯ ಸಚಿವರಾಗಿದ್ದ ಅಂಬರೀಶ್ ಐತೀರ್ಪನ್ನು ಪ್ರತಿಭಟಿಸಿ ರಾಜೀನಾಮೆ ಕೊಟ್ಟರು. ಸಚಿವರಾಗಿ ಆರು ತಿಂಗಳೂ ಕಳೆದಿರಲಿಲ್ಲ. ಅದನ್ನು ನಾಟಕ ಎಂದವರಿದ್ದರು. ನಾಟಕವೇ ಇರಲಿ, ನದಿಗಾಗಿ ಕುರ್ಚಿ ಬಿಡುವ ನಾಟಕವನ್ನಾದರೂ ಆಡಿದ ರಾಜಕಾರಣಿಗಳು ಈ ನಾಡಿನಲ್ಲಿ ಎಷ್ಟು ಜನ ಸಿಕ್ಕಾರು?

2018ರ ಫೆಬ್ರವರಿ 16ರಂದು ಸುಪ್ರೀಂ ಕೋರ್ಟು ಕರ್ನಾಟಕದ ಪಾಲಿಗೆ 14.75 ಟಿಎಂಸಿ ಸೇರಿಸಿತು. ಪಾಲು 284.75 ಆಯಿತು. ಆದರೆ ಕಾಗದದ ಮೇಲಿನ ಪಾಲು ಒಂದು, ನೀರನ್ನು ಹಿಡಿದಿಡುವ ಕಟ್ಟೆ, ನೀರನ್ನು ಇಂಗಿಸುವ ನೆಲ ಇನ್ನೊಂದು. ಗಡಿಯಾಚೆಯವರೊಡನೆ ಹನಿ ಹನಿಗೂ ಜಗಳವಾಡುವ ನಾವು, ಮನೆಯೊಳಗಿನವರು ನದಿಯ ಮೈಯನ್ನೇ ಕೊರೆಯುವಾಗ ಮೌನವಾಗಿರುತ್ತೇವೆ. ತಮಿಳುನಾಡಿನ ವಿರುದ್ಧ ಹೆದ್ದಾರಿ ತಡೆಯಲು ಎಲ್ಲ ಪಕ್ಷಗಳೂ ಬರುತ್ತವೆ. ಜೆಲ್ಲಿ ಕ್ರಷರಿನ ವಿರುದ್ಧ ರಸ್ತೆಗಿಳಿಯಲು ಎಷ್ಟು ಪಕ್ಷಗಳು ಬರುತ್ತವೆ?

ಕ್ವಾರಿಯ ಬಾಯಲ್ಲಿ

ಈ ಹಿನ್ನೆಲೆಯಲ್ಲಿ 2021ರ ಜುಲೈ ತಿಂಗಳನ್ನು ನೆನೆಯಬೇಕು. ಸಂಸದೆಯಾಗಿದ್ದ ಸುಮಲತಾ ಶ್ರೀರಂಗಪಟ್ಟಣ ತಾಲ್ಲೂಕಿನ ಹಂಗರಹಳ್ಳಿ, ಪಾಂಡವಪುರ ತಾಲ್ಲೂಕಿನ ಬೇಬಿಬೆಟ್ಟ ಮುಂತಾದೆಡೆ ಕಲ್ಲು ಗಣಿಗಾರಿಕೆಯ ಸ್ಥಳಗಳಿಗೆ ಹೋದರು. ಅಕ್ರಮ ಗಣಿಗಾರಿಕೆಯಿಂದ ಕೃಷ್ಣರಾಜಸಾಗರಕ್ಕೆ ಅಪಾಯವಿದೆ ಎಂದರು. ದಾರಿಯಲ್ಲಿ ಪ್ರತಿಭಟನೆ, ಘೋಷಣೆಗಳು ಎದುರಾದವು. ಅಣೆಕಟ್ಟೆಯಲ್ಲಿ ನೀರು ಸೋರುತ್ತಿದ್ದರೆ ಅದರ ಬಾಗಿಲಿಗೆ ಸಂಸದೆಯನ್ನೇ ಅಡ್ಡಲಾಗಿ ಮಲಗಿಸಬೇಕು ಎಂಬರ್ಥದ ಮಾತು ಕುಮಾರಸ್ವಾಮಿಯವರಿಂದಲೇ ಬಂದಿತು. ಮುಖ್ಯಮಂತ್ರಿಯಾಗಿದ್ದವರೊಬ್ಬರು ಅಣೆಕಟ್ಟೆಯ ಸುರಕ್ಷತೆಯ ಪ್ರಶ್ನೆಗೆ ಕೊಟ್ಟ ಉತ್ತರವಿದು! ಪ್ರಶ್ನೆಗೆ ಉತ್ತರವಿಲ್ಲದಾಗ ಪ್ರಶ್ನಿಸಿದ ಹೆಣ್ಣಿನ ದೇಹವನ್ನು ಚರ್ಚೆಗೆ ಎಳೆಯುವುದು ನಮ್ಮ ಗಂಡುರಾಜಕಾರಣದ ಹಳೆಯ ಚಾಳಿ.

ನಿಸ್ಸಂದೇಹವಾಗಿ ಹೇಳಬಹುದು: ಗಂಡನ ಪರಂಪರೆಯನ್ನು ಸುಮಲತಾ ನಿಜಕ್ಕೂ ಕಾಯ್ದದ್ದು 2019ರ ವಿಜಯೋತ್ಸವದಲ್ಲಿ ಅಲ್ಲ, 2023ರ ಮಾರ್ಚ್‌ನಲ್ಲಿ ಬೆಂಗಳೂರಿನ ಕಂಠೀರವ ಸ್ಟುಡಿಯೋದಲ್ಲಿ ಸರ್ಕಾರ ಉದ್ಘಾಟಿಸಿದ ಸ್ಮಾರಕದ ಎದುರೂ ಅಲ್ಲ, ಆ ಜುಲೈ ತಿಂಗಳಲ್ಲಿ ಕ್ವಾರಿಯ ಗುಂಡಿಗಳ ಅಂಚಿನಲ್ಲಿ ನಿಂತಾಗ. ನದಿಗಾಗಿ ಅಧಿಕಾರಸ್ಥರ ಹಗೆ ಕಟ್ಟಿಕೊಳ್ಳುವುದೇ 2007ರ ಪರಂಪರೆಯಾಗಿದ್ದರೆ, 2021 ಅದರ ಮುಂದುವರಿಕೆ.

ಆದರೆ ಅಲ್ಲಿಯೇ ಚರ್ಚೆ ಹಾದಿ ತಪ್ಪಿತು. ಕಟ್ಟೆ ಬಿರುಕು ಬಿಟ್ಟಿದೆಯೋ ಇಲ್ಲವೋ ಎಂಬ ಒಂದೇ ಪ್ರಶ್ನೆಗೆ ಎಲ್ಲವೂ ಕುಗ್ಗಿತು. ಸಂಸದೆ ಬಿರುಕಿನ ಮಾತೆತ್ತಿದರು. ಕಾವೇರಿ ನೀರಾವರಿ ನಿಗಮದ ಅಧಿಕಾರಿಗಳು ಬಿರುಕಿಲ್ಲ ಎಂದರು. ಅದೇ ತಿಂಗಳು ಮಳೆಗೆ ಆವರಣದ ಗೋಡೆಯೊಂದರಿಂದ ಕಲ್ಲುಗಳು ಜಾರಿದಾಗ ಒಂದು ಕಡೆಯವರು ನೋಡಿ ಎಂದರು, ಅದು ಅಣೆಕಟ್ಟೆಯ ಭಾಗವಲ್ಲ ಎಂದು ಇನ್ನೊಂದು ಕಡೆಯವರು ಸಮಾಧಾನಪಟ್ಟರು. ಬಿರುಕಿಲ್ಲ ಎಂಬ ಹೇಳಿಕೆಯೇ ಬೆಟ್ಟ ಒಡೆಯಲು ಪರವಾನಗಿ ಎಂಬಂತೆ ವಾದಿಸಲಾಯಿತು.

ಬಿರುಕು ಕಾಣುವವರೆಗೆ ಕಾಯುವುದು ವಿಜ್ಞಾನವಲ್ಲ

ಕೃಷ್ಣರಾಜಸಾಗರ 1911ರಲ್ಲಿ ಆರಂಭವಾಗಿ 1930ರ ದಶಕದ ಆರಂಭದಲ್ಲಿ ಪೂರ್ಣಗೊಂಡ, ಸುರ್ಕಿ ಗಾರೆಯಿಂದ ಕಲ್ಲಿಗೆ ಕಲ್ಲು ಬೆಸೆದು ಕಟ್ಟಿದ ಅಣೆಕಟ್ಟೆ. ಅದರ ಪೂರ್ಣಮಟ್ಟ 124.80 ಅಡಿ, ಸಂಗ್ರಹ ಸುಮಾರು 49 ಟಿಎಂಸಿ. ವಿಶ್ವೇಶ್ವರಯ್ಯ ನಾಲೆಯ ಭತ್ತ ಕಬ್ಬುಗಳಿಂದ ಹಿಡಿದು ಮೈಸೂರು, ಬೆಂಗಳೂರುಗಳ ಕುಡಿಯುವ ನೀರಿನವರೆಗೆ ಎಲ್ಲವೂ ಅದನ್ನು ನಂಬಿವೆ. ಕಲ್ಲುಕ್ವಾರಿಯ ಸ್ಫೋಟದಿಂದ ನೆಲದಲ್ಲಿ ಹರಡುವ ಕಂಪನ ಎಷ್ಟು ಪ್ರಬಲವಾಗಿರುತ್ತದೆ ಎಂಬುದು ಮುಖ್ಯವಾಗಿ ಎರಡು ಸಂಗತಿಗಳ ಮೇಲೆ ನಿಂತಿದೆ: ಒಂದು ಕ್ಷಣದಲ್ಲಿ ಸಿಡಿಯುವ ಮದ್ದಿನ ಪ್ರಮಾಣ ಮತ್ತು ಅಲ್ಲಿಂದ ಇರುವ ದೂರ. ದೂರ ಹೆಚ್ಚಿದಂತೆ ಕಂಪನ ಕ್ಷೀಣಿಸುತ್ತದೆ. ಆದ್ದರಿಂದ ಒಂದು ಸ್ಫೋಟಕ್ಕೆ ಕಟ್ಟೆ ಕುಸಿಯುತ್ತದೆ ಎಂದು ಹೆದರಿಸುವುದು ಸರಿಯಲ್ಲ. ಆದರೆ ಮದ್ದಿನ ಪ್ರಮಾಣವನ್ನು ಅಕ್ರಮ ಕ್ವಾರಿಯಲ್ಲಿ ಅಳೆಯುವವರು ಯಾರು? ಪರೀಕ್ಷೆಯ ದಿನ ವಿಜ್ಞಾನಿಗಳ ಎದುರು ಅಳತೆಗೆ ತಕ್ಕಷ್ಟು ಮದ್ದು ತುಂಬುವುದು ಒಂದು. ಇಡೀ ವರ್ಷ, ಹಲವು ಕ್ವಾರಿಗಳಲ್ಲಿ, ಲೆಕ್ಕವಿಡದೆ ಸಿಡಿಸುವುದು ಬೇರೆಯೇ.

ಇದು ಊಹೆಯ ಭಯವಲ್ಲ. 2018ರ ಸೆಪ್ಟೆಂಬರ್‌ನಲ್ಲಿ ಈ ಭಾಗದಲ್ಲಿ ಭಾರಿ ಸದ್ದು ಕೇಳಿಬಂದಾಗ ರಾಜ್ಯದ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರ ಅದರ ಕಂಪನವನ್ನು ಪರಿಶೀಲಿಸಿ ಕಲ್ಲು ಗಣಿಗಾರಿಕೆಯ ಸ್ಫೋಟದತ್ತ ಬೊಟ್ಟು ಮಾಡಿತು. ಅಣೆಕಟ್ಟೆಯ ಸುತ್ತ ಗಣಿಗಾರಿಕೆ ನಿಲ್ಲಿಸಲು ಶಿಫಾರಸು ಮಾಡಿತು. 2021ರ ಜನವರಿ 21ರ ರಾತ್ರಿ ಶಿವಮೊಗ್ಗದ ಹುಣಸೋಡಿನ ಕ್ರಷರಿನ ಬಳಿ ಜಿಲೆಟಿನ್ ತುಂಬಿದ ಲಾರಿ ಸಿಡಿದು ಕಾರ್ಮಿಕರು ಛಿದ್ರವಾದಾಗ ಅದರ ಸದ್ದು ಮಲೆನಾಡಿನ ಎಷ್ಟು ಮನೆಗಳ ಕಿಟಕಿಗಳನ್ನು ನಡುಗಿಸಿತೆಂಬುದು ಈ ಪತ್ರಿಕೆಯ ಓದುಗರಿಗೆ ಹೇಳಬೇಕಾಗಿಲ್ಲ.

ಕಟ್ಟೆಯ ಮಾತನ್ನು ಒಂದು ಕ್ಷಣ ಬದಿಗಿಟ್ಟರೂ ಬೆಟ್ಟದ ಮಾತು ಉಳಿಯುತ್ತದೆ. ಮಂಡ್ಯ ಜಿಲ್ಲೆಯ ನೆಲದಡಿ ಇರುವುದು ಗಟ್ಟಿ ಶಿಲೆ. ಅಲ್ಲಿ ಅಂತರ್ಜಲ ನಿಲ್ಲುವುದು ಮೇಲಿನ ಶಿಥಿಲ ಪದರದಲ್ಲಿ ಮತ್ತು ಬಂಡೆಯ ಸೀಳುಗಳಲ್ಲಿ. ಗುಡ್ಡದ ತಪ್ಪಲು ಮಳೆನೀರನ್ನು ಈ ಸೀಳುಗಳಿಗೆ ಇಳಿಸುವ ಬಾಯಿ. ಗುಡ್ಡವನ್ನು ಗುಂಡಿಯಾಗಿಸಿದರೆ ಸುತ್ತಲಿನ ತೇವ ಗುಂಡಿಯತ್ತ ಬಸಿಯುತ್ತದೆ. ಕೆಳಗಿನ ಬಾವಿ, ಕೊಳವೆಬಾವಿಗಳು ಬಡವಾಗುತ್ತವೆ. ಕ್ರಷರಿನ ನಯವಾದ ಧೂಳು ಎಲೆಯ ಮೇಲೆ ಕುಳಿತು ಬೆಳಕನ್ನು ತಡೆಯುತ್ತದೆ, ಎಲೆಯ ಪತ್ರರಂಧ್ರಗಳನ್ನು ಮುಚ್ಚುತ್ತದೆ. ಮಳೆಗೆ ತೊಳೆದು ಕೆರೆಗೆ ಸೇರಿದಾಗ ಹೂಳಾಗುತ್ತದೆ, ಹೊಲದ ಮೇಲೆ ನಿಂತಾಗ ನೀರಿಳಿಯದ ಹೆಪ್ಪಾಗುತ್ತದೆ. ಕಟ್ಟೆ ಬಿರುಕು ಬಿಡದಿದ್ದರೂ ರೈತನ ಬದುಕು ಬಿರುಕು ಬಿಡುತ್ತದೆ.

ಈ ನಾಲ್ಕು ತಾಲ್ಲೂಕುಗಳನ್ನು ಬರೀ ಜೆಲ್ಲಿಯ ಗೋದಾಮು ಎಂದು ನೋಡುವವರಿಗೆ ಅಲ್ಲಿರುವ ಸಂಪತ್ತಿನ ಅರಿವಿಲ್ಲ. ಶ್ರೀರಂಗಪಟ್ಟಣದ ರಂಗನತಿಟ್ಟು 1940ರಿಂದ ಪಕ್ಷಿಧಾಮ. 2022ರಲ್ಲಿ ರಾಮ್‌ಸಾರ್ ಪಟ್ಟಿಗೆ ಸೇರಿತು. ಪಾಂಡವಪುರ ತಾಲ್ಲೂಕಿನ ಮೇಲುಕೋಟೆಯ ಕುರುಚಲು ಬೆಟ್ಟಗಳಲ್ಲಿ ತೋಳಗಳಿಗಾಗಿ ವನ್ಯಧಾಮವಿದೆ. ನಾಗಮಂಗಲದ ಆದಿಚುಂಚನಗಿರಿಯಲ್ಲಿ ನವಿಲುಧಾಮವಿದೆ. ಕೆ.ಆರ್. ಪೇಟೆಯ ಗದ್ದೆಗಳಿಗೆ ಹೇಮಾವತಿಯ ನೀರಿದೆ. ನಾಗಮಂಗಲದ ಒಣಸೀಮೆಯಲ್ಲಿ ಹುಟ್ಟಿ ಪಾಂಡವಪುರವನ್ನು ಹಾದು ಶ್ರೀರಂಗಪಟ್ಟಣದ ಕರಿಘಟ್ಟದ ಬಳಿ ಕಾವೇರಿಯನ್ನು ಸೇರುವ ಲೋಕಪಾವನಿ ಮೂರು ತಾಲ್ಲೂಕುಗಳನ್ನು ಒಂದೇ ದಾರದಲ್ಲಿ ಪೋಣಿಸುತ್ತದೆ. ಒಂದು ತಾಲ್ಲೂಕಿನ ಗುಡ್ಡ ಹೋದರೆ ಇನ್ನೊಂದು ತಾಲ್ಲೂಕಿನ ಹೊಳೆ ಹೋಗುತ್ತದೆ.

ಕುರ್ಚಿಯನ್ನು ಬಿಟ್ಟದ್ದು ಯಾವುದಕ್ಕಾಗಿ?

ಈಗ ಕಹಿಯಾದ ಪ್ರಶ್ನೆಗೆ ಬರಬೇಕು. 2022ರ ಜುಲೈನಲ್ಲಿ ಬೇಬಿಬೆಟ್ಟದಲ್ಲಿ ಪರೀಕ್ಷಾರ್ಥ ಸ್ಫೋಟಕ್ಕೆ ತಜ್ಞರು ಬಂದಾಗ ಬೀದಿಗಿಳಿದು ವಿರೋಧಿಸಿದವರು ರೈತರು. 2024ರ ಜನವರಿಯಲ್ಲಿ ಅಣೆಕಟ್ಟೆಯ 20 ಕಿಲೋಮೀಟರ್ ವ್ಯಾಪ್ತಿಯಲ್ಲಿ ಗಣಿಗಾರಿಕೆಯನ್ನು ತಡೆದದ್ದು ರಾಜ್ಯದ ಉಚ್ಚ ನ್ಯಾಯಾಲಯ. 2021ರ ಅಣೆಕಟ್ಟೆ ಸುರಕ್ಷತಾ ಕಾಯ್ದೆಯಂತೆ ಅಧ್ಯಯನವಾಗುವವರೆಗೆ ಕೆಲಸ ನಿಲ್ಲಲಿ ಎಂದಿತು ನ್ಯಾಯಪೀಠ. ಅಂದರೆ 2021ರಲ್ಲಿ ಸುಮಲತಾ ಎತ್ತಿದ ಆತಂಕ ಹುರುಳಿಲ್ಲದ್ದಲ್ಲ ಎಂಬುದು ಮೂರು ವರ್ಷಗಳೊಳಗೆ ಸ್ಪಷ್ಟವಾಯಿತು. ಅಂಥ ಹೊತ್ತಿನಲ್ಲಿ ಆ ದನಿ ಇನ್ನಷ್ಟು ಗಟ್ಟಿಯಾಗಬೇಕಿತ್ತು.

ಆದದ್ದೇನು? ಎರಡೂ ಪಕ್ಷಗಳ ಮೈತ್ರಿಯಲ್ಲಿ ಮಂಡ್ಯ ಕ್ಷೇತ್ರ ಜಾತ್ಯತೀತ ಜನತಾದಳದ ಪಾಲಾಯಿತು. 2024ರ ಏಪ್ರಿಲ್‌ನಲ್ಲಿ ಸುಮಲತಾ ಸ್ಪರ್ಧೆಯಿಂದ ಹಿಂದೆ ಸರಿದು ಭಾರತೀಯ ಜನತಾ ಪಕ್ಷವನ್ನು ಸೇರಿದರು. ಅಣೆಕಟ್ಟೆಯ ಬಾಗಿಲಿಗೆ ಅವರನ್ನು ಮಲಗಿಸುವ ಮಾತಾಡಿದವರೇ ಅದೇ ಕ್ಷೇತ್ರದಿಂದ ಗೆದ್ದು ಕೇಂದ್ರದಲ್ಲಿ ಮಂತ್ರಿಯಾದರು. ಗಂಡ 2007ರಲ್ಲಿ ಕುರ್ಚಿ ಬಿಟ್ಟದ್ದು ನದಿಗಾಗಿ. ಪತ್ನಿ 2024ರಲ್ಲಿ ಕುರ್ಚಿ ಬಿಟ್ಟದ್ದು ಮೈತ್ರಿಗಾಗಿ. ಈ ಎರಡು ತ್ಯಾಗಗಳನ್ನು ಒಂದೇ ತಕ್ಕಡಿಯಲ್ಲಿ ತೂಗಲಾಗದು. ಅವರ ಕಷ್ಟಗಳು ಅವರಿಗೆ ಗೊತ್ತು. ಪಕ್ಷೇತರರಾಗಿ ಐದು ವರ್ಷ ಎದುರಿಸಿದ ಏಕಾಂಗಿತನವನ್ನು ನಾವು ಅಲ್ಲಗಳೆಯುವುದಿಲ್ಲ. ಆದರೆ ಪರಂಪರೆಯ ಹೆಸರಿನಲ್ಲಿ ಏಳು ಲಕ್ಷ ಮತ ಪಡೆದವರು ಬೇಬಿಬೆಟ್ಟಕ್ಕೆ ಒಂದು ಉತ್ತರ ಕೊಡಬೇಕಾಗುತ್ತದೆ. ಕ್ವಾರಿಯ ವಿರುದ್ಧದ ಹೋರಾಟ ಬೆಟ್ಟದ ಪರವಾಗಿತ್ತೋ, ಎದುರಾಳಿ ಕುಟುಂಬದ ವಿರುದ್ಧವಷ್ಟೇ ಆಗಿತ್ತೋ ಎಂದು ಜನ ಕೇಳಿದರೆ ತಪ್ಪು ಜನರದ್ದಲ್ಲ.

ಪಕ್ಕದಲ್ಲೇ ಇನ್ನೊಂದು ಉದಾಹರಣೆ ಇದೆ. ಪಾಂಡವಪುರದ ರೈತನಾಯಕ, ಮೇಲುಕೋಟೆಯ ಶಾಸಕ ಕೆ.ಎಸ್. ಪುಟ್ಟಣ್ಣಯ್ಯ 2018ರ ಫೆಬ್ರವರಿ 18ರಂದು ತೀರಿಕೊಂಡರು. ಕೆಲವೇ ತಿಂಗಳಲ್ಲಿ ಚುನಾವಣೆಗೆ ನಿಂತ ಅವರ ಮಗನನ್ನು ಅನುಕಂಪ ಗೆಲ್ಲಿಸಲಿಲ್ಲ. ಗೆಲುವು ಬಂದದ್ದು 2023ರಲ್ಲಿ. ಕುಟುಂಬದವರೇ ಏಕೆ ಎಂಬ ಪ್ರಶ್ನೆ ಅಲ್ಲಿಗೂ ಸಲ್ಲುತ್ತದೆ. ಆದರೂ ಒಂದು ವ್ಯತ್ಯಾಸವಿದೆ. ಪುಟ್ಟಣ್ಣಯ್ಯನವರ ಪರಂಪರೆಗೆ ಹಸಿರು ಶಾಲು ಹೊದ್ದ ಒಂದು ಸಂಘಟನೆ ಇತ್ತು. ಮಗ ಸೋತ ವರ್ಷಗಳಲ್ಲೂ ರೈತ ಸಂಘ ಸಭೆ ಸೇರುತ್ತಿತ್ತು, ಕಬ್ಬಿನ ಬೆಲೆ ಕೇಳುತ್ತಿತ್ತು, ಬೇಬಿಬೆಟ್ಟದ ಸ್ಫೋಟಕ್ಕೆ ಅಡ್ಡ ನಿಲ್ಲುತ್ತಿತ್ತು. ಅಭಿಮಾನಿ ಸಂಘ ಹುಟ್ಟುಹಬ್ಬವನ್ನು ನೆನಪಿಡುತ್ತದೆ. ಚಳವಳಿ ಬೇಡಿಕೆಯನ್ನು ನೆನಪಿಡುತ್ತದೆ. ಸತ್ತವರ ಪರಂಪರೆಯನ್ನು ಕಾಯಲು ಎರಡನೆಯದೇ ಬೇಕು.

ನಮ್ಮ ಬೇಡಿಕೆ

ಸುಮಲತಾ ಅವರನ್ನು ಮನೆಯಲ್ಲಿರಿ ಎನ್ನುವವರ ಸಾಲಿಗೆ ನಾವು ಸೇರುವುದಿಲ್ಲ. ನಮ್ಮ ಕೋರಿಕೆ ಅದಕ್ಕೆ ತದ್ವಿರುದ್ಧ. ಅವರು ಮತ್ತೆ ಬೇಬಿಬೆಟ್ಟಕ್ಕೆ ಬರಬೇಕು. ಈ ಬಾರಿ ಸಂಸದೆಯ ವಾಹನಸಾಲು ಬೇಡ, ಪಕ್ಷದ ಬಾವುಟವೂ ಬೇಡ. ತಾವೀಗ ಸೇರಿರುವ ಪಕ್ಷಕ್ಕೂ ಅದರ ಮಿತ್ರಪಕ್ಷಕ್ಕೂ 20 ಕಿಲೋಮೀಟರ್ ವ್ಯಾಪ್ತಿಯ ಗಣಿಗಾರಿಕೆಯ ಬಗ್ಗೆ ನಿಮ್ಮ ನಿಲುವೇನು ಎಂದು ಬಹಿರಂಗವಾಗಿ ಕೇಳಬೇಕು. ರಾಜ್ಯದಲ್ಲಿ ಅಧಿಕಾರದಲ್ಲಿರುವವರು ಯಾರೇ ಆಗಿರಲಿ, ಅವರನ್ನೂ ಕೇಳಬೇಕು. ಅಧಿಕಾರವಿಲ್ಲದವರ ಮಾತಿಗೆ ಬೆಲೆಯಿಲ್ಲ ಎಂಬುದು ಸುಳ್ಳು. ಕಳೆದುಕೊಳ್ಳಲು ಕುರ್ಚಿ ಇಲ್ಲದವರ ಮಾತಿಗೇ ಹೆಚ್ಚು ತೂಕ.

ಮತದಾರರಿಗೂ ಒಂದು ಮಾತು ಸಲ್ಲುತ್ತದೆ. ಮುಂದೆ ಯಾವ ನಾಯಕನ ಪತ್ನಿಯೋ, ಮಗನೋ, ಮೊಮ್ಮಗನೋ ಭಾವಚಿತ್ರ ಹಿಡಿದು ಮನೆ ಬಾಗಿಲಿಗೆ ಬಂದರೂ ಕಣ್ಣೀರಿಗೆ ಗೌರವ ಕೊಡೋಣ, ಕುಡಿಯಲು ನೀರು ಕೊಡೋಣ. ಮತ ಕೊಡುವ ಮುನ್ನ ಮೂರು ಪ್ರಶ್ನೆ ಕೇಳೋಣ: ನಮ್ಮ ಊರಿನ ಗುಡ್ಡ ಯಾರ ಹೆಸರಿಗೆ ಗುತ್ತಿಗೆಯಾಗಿದೆ, ನಮ್ಮ ಕೆರೆಗೆ ನೀರು ಬರುವ ದಾರಿಯಲ್ಲಿ ಏನು ಕಟ್ಟಲಾಗಿದೆ, ನಮ್ಮ ಹೊಳೆಯ ಮರಳು ಯಾರ ಲಾರಿಯಲ್ಲಿ ಹೋಗುತ್ತಿದೆ? ಇವುಗಳಿಗೆ ಉತ್ತರ ತಿಳಿದು, ಉತ್ತರಕ್ಕೆ ತಕ್ಕಂತೆ ನಡೆಯಲು ಒಪ್ಪುವವರೇ ವಾರಸುದಾರರು. ಉಳಿದವರು ಬರೀ ಬಂಧುಗಳು.

ಸ್ಮಾರಕಕ್ಕೂ ಕಲ್ಲು ಬೇಕು, ಆ ಕಲ್ಲು ಯಾವುದೋ ಬೆಟ್ಟದಿಂದಲೇ ಬರಬೇಕು. ಗಂಡನ ಹಣೆಗೆ ಮಂಡ್ಯದ ಮಣ್ಣು ಹಚ್ಚಿದ ಕೈ ಆ ಮಣ್ಣಿನ ತಾಯಿಬಂಡೆಯನ್ನು ಕಾಯಲು ಇನ್ನೊಮ್ಮೆ ಚಾಚಲಿ. ಚಾಚಿದರೆ ಮಲೆನಾಡಿನ ನಾವೂ ಜೊತೆಗಿರುತ್ತೇವೆ. ಚಾಚದಿದ್ದರೆ ಬೇಬಿಬೆಟ್ಟದ ರೈತರ ಜೊತೆಗಂತೂ ಇದ್ದೇ ಇರುತ್ತೇವೆ.